ಅಮ್ಮ ಚಿಮುಕಿಸಿದ ನೀರು

ಮಾರ್ಚ್ ೧೧, ಮಂಗಳವಾರ

ಓದಿದರೆ ನಾಳೆ ನಾನೇ ನಂಬುವುದಿಲ್ಲ. ಆದರೂ ಸುಳ್ಳು ಬರೆಯಲಾರೆ.

ಇಸ್ತ್ರಿ ಅಂಗಡಿಯ ಹಿಂದಿನ ಕೋಣೆಯಲ್ಲಿ ಅಮ್ಮನ ಮೇಜಿದೆ. ಅವಳು ತೀರಿಕೊಂಡ ಮೇಲೆ ಅಪ್ಪ ಆ ಬಾಗಿಲು ತೆರೆದಿರಲಿಲ್ಲ. ಇವತ್ತು ಹೊಸ ಇಸ್ತ್ರಿ ಯಂತ್ರಕ್ಕೆ ಜಾಗ ಬೇಕಾಯಿತು, ಗುಡಿಸಲು ನಾನು ಒಳಗೆ ಹೋದೆ. ಮೇಜಿನ ಮೇಲೆ ಗಾಳಿಯಲ್ಲಿ ಏನೋ ಹೊಳೆಯಿತು. ಜೇಡರ ಬಲೆ ಎಂದುಕೊಂಡು ಪೊರಕೆ ಎತ್ತಿದೆ. ಬಲೆಯಲ್ಲ, ನೀರಿನ ಹನಿಗಳು! ಉಸಿರು ಬಿಗಿಹಿಡಿದು ನೋಡಿದೆ. ಕೂದಲೆಳೆಯಷ್ಟು ಮುಂದೆ ಸರಿದವು. ಅಲ್ಲಿ ಮಾತ್ರ ಕಾಲ ತೆವಳುತ್ತಿತ್ತು.

"ಓದು ಬಿಟ್ಟಾಯ್ತು, ಈಗ ಗುಡಿಸೋದೂ ಬಿಟ್ಯಾ ಮಹಾರಾಣಿ?" ಎನ್ನುತ್ತ ಬಂದ ಅಪ್ಪ ಅಲ್ಲೇ ಕಲ್ಲಾದ.

ಇಸ್ತ್ರಿಗೆ ಮುಂಚೆ ಅಮ್ಮ ಬಟ್ಟೆಗೆ ಕೈಯಿಂದ ನೀರು ಚಿಮುಕಿಸುತ್ತಿದ್ದಳು. ಎದುರಿನ ಸ್ಟೂಲಿನಲ್ಲಿ ಕೂತು ಅಪ್ಪ ರೇಗಿಸಿದರೆ, ಕೈಯಲ್ಲಿ ಉಳಿದ ನೀರು ಅವನ ಮುಖಕ್ಕೆ. ಈ ಹನಿಗಳೂ ಸ್ಟೂಲಿನ ಕಡೆಗೇ ಹೊರಟಿದ್ದವು.

"ಕೊನೇ ಸಲ ನಿಮ್ಮಮ್ಮ ಎರಚಿದಾಗ ತಪ್ಪಿಸ್ಕೊಂಡು ಓಡ್ಬಿಟ್ಟಿದ್ದೆ ಕಣೆ," ಎಂದ ಅಪ್ಪ.

"ಯಂತ್ರ ಎಲ್ಲಿಡೋದಪ್ಪ?"

"ಬೀದೀಲಿಡು."

ಸ್ಟೂಲಿನ ಧೂಳು ಒರೆಸಿ ಕೂತ. ಮುಖಕ್ಕೂ ಹನಿಗೂ ಎರಡೇ ಬೆರಳಿನ ದೂರ. ಊಟಕ್ಕೆ ಕರೆದರೂ ಏಳಲಿಲ್ಲ. ಕನ್ನಡಕ ತೆಗೆದು ಕೈಯಲ್ಲಿ ಹಿಡಿದುಕೊಂಡಿದ್ದಾನೆ. ಪಕ್ಕದಲ್ಲೇ ಕೂತು ಬರೆಯುತ್ತಿದ್ದೇನೆ. ನಿದ್ದೆ ಎಳೆಯುತ್ತಿದೆ, ಆದರೆ ಎಲ್ಲಕ್ಕಿಂತ ಮುಂದಿರುವ ಹನಿ ಈಗ ಅಪ್ಪನ ಮೂಗಿನ ತುದಿಗೆ ಇನ್ನೇನು ತಾಗಲಿದೆ.