ತಾಯಿ ಎಂದುಕೊಂಡರು

ಮಾರ್ಚ್ 4
ಗಣಿತದ ಟ್ಯೂಷನ್ ಐದೂವರೆಗೆ ಮುಗಿಯಿತು. ನನ್ನ ಶಿಷ್ಯೆ, ಆ ಬಾಯಿಬಡುಕಿಗೆ ಹದಿನಾರು, ಲೆಕ್ಕಕ್ಕಿಂತ ಮಾತೇ ಹೆಚ್ಚು. ಅವಳ ಮನೆ ಎದುರಿನ ಗೋಡೌನಿಗೆ ಇಬ್ಬರು ಬೆಂಕಿ ಹಚ್ಚಿದ್ದನ್ನು ಬಾಲ್ಕನಿಯಿಂದ ವೀಡಿಯೊ ಮಾಡಿದ್ದಾಳಂತೆ. ಶಾಲೆಯಲ್ಲೆಲ್ಲ ಹೇಳಿಕೊಂಡು ಬಂದಿದ್ದಾಳೆ. ಪರೀಕ್ಷೆಯೆಂದು ಅವಳ ಅಮ್ಮ ಫೋನನ್ನು ಬೀರುವಿನಲ್ಲಿಟ್ಟು ಬೀಗ ಹಾಕಿದ್ದಾರೆ.
“ಪೊಲೀಸರಿಗೆ ಕೊಡು” ಎಂದೆ.
“ಓದೋದು ಮೊದಲು ಅಂತ ನೀವೇ ಹೇಳ್ತೀರಲ್ಲ ಮಿಸ್!”
ನಾಳೆ ಅವಳ ಅಮ್ಮನ ಹತ್ತಿರ ಮಾತಾಡಬೇಕು.

ಮಾರ್ಚ್ 6 ಇರಬೇಕು
ನಿನ್ನೆ ಬಸ್‌ಸ್ಟಾಪಿನವರೆಗೆ ಅವಳ ಜೊತೆಗೆ ಹೋದೆ. ಅವಳ ಬ್ಯಾಗು ನನ್ನ ಹೆಗಲಲ್ಲಿತ್ತು. ಬೆಂಕಿ ಹಚ್ಚಿದ ಆ ಇಬ್ಬರೇ ಇರಬೇಕು, ತಾಯಿ ಎಂದುಕೊಂಡು ನನ್ನನ್ನೂ ವ್ಯಾನಿಗೆ ತಳ್ಳಿದರು. ಫೋನ್ ಕಿತ್ತುಕೊಂಡರು, ಡೈರಿ ಬಿಟ್ಟರು. ಕಿಟಕಿಯಿಲ್ಲದ ಕೋಣೆ. ಒಂದು ಬಕೆಟ್, ಬ್ರೆಡ್.
ತಾಯಿಯಲ್ಲ ಎಂದರೆ ನಾನು ಯಾರಿಗೆ ಬೇಕು? ಸುಮ್ಮನಾದೆ. ಅವಳೋ — ಅಪ್ಪ ವಿದೇಶದಲ್ಲಿ, ಮನೆಯಲ್ಲಿ ನಾವಿಬ್ಬರೇ ಎಂದು ಪಟಪಟನೆ ಸುಳ್ಳು ಪೋಣಿಸಿದಳು. ಮನೆಯಲ್ಲಿ ಅವಳ ಅಮ್ಮ ಇದ್ದಾರೆ. ಇಷ್ಟು ಹೊತ್ತಿಗೆ ಪೊಲೀಸರೂ.
“ನೀವು ನೀರು ಕುಡೀರಿ” ಎಂದುಬಿಟ್ಟಳು ನನಗೆ.
ಅವರಲ್ಲೊಬ್ಬ, ಸದಾ ಕೆಮ್ಮುವವನು, ತಿರುಗಿದ. “ಅಮ್ಮನಿಗೆ ನೀವು ಅಂತೀಯಾ?”
“ಸಿಟ್ಟು ಬಂದಾಗ ಮಾತ್ರ, ಅಂಕಲ್.”

ಮಾರ್ಚ್ 7, ಬೆಳಿಗ್ಗೆ
ಅವರಿಗೆ ಬೀರುವಿನಲ್ಲಿರುವ ಆ ವೀಡಿಯೊದ ಫೋನ್ ಬೇಕು. ಅಪಾರ್ಟ್‌ಮೆಂಟಿನ ವಾಚ್‌ಮನ್ ಹೊಸಬರನ್ನು ಬಿಡುವುದಿಲ್ಲ. ಒಬ್ಬರು ಹೋಗಿ ತರಬೇಕು, ಇನ್ನೊಬ್ಬರು ಇಲ್ಲೇ. ಅಪಾರ್ಟ್‌ಮೆಂಟಿನ ಗೇಟು ದಾಟಿ ಒಳಹೋದವರು ಬದುಕಿದಂತೆ.
“ನೀನು ಹೋಗಮ್ಮ,” ಎಂದ ಕೆಮ್ಮಿನವನು. “ತಾಯಿ ಮಗು ಬಿಟ್ಟು ಓಡಲ್ಲ.”
ಎದ್ದೆ. ಚಪ್ಪಲಿಯನ್ನೂ ಮೆಟ್ಟಿದೆ — ಬರೆಯುವುದಾದರೆ ಇದನ್ನೂ ಬರೆಯಬೇಕು. ಅವಳು ನನ್ನ ಕಡೆ ನೋಡಲಿಲ್ಲ. ಬೇಕೆಂದೇ ನೋಡಲಿಲ್ಲವೇನೋ.
“ನನ್ನ ಮುಖ ನೋಡಿದ್ರೆ ವಾಚ್‌ಮನ್‌ಗೆ ಅನುಮಾನ ಬರುತ್ತೆ,” ಎಂದೆ. “ಇವಳನ್ನ ಕಳಿಸಿ. ಸುಳ್ಳು ಹೇಳೋದ್ರಲ್ಲಿ ಡಿಗ್ರಿ ಮಾಡಿದಾಳೆ.”
ಅವನು ನಕ್ಕ, ಕೆಮ್ಮಿದ. “ವಾಪಸ್ ಬರ್ತಾಳಾ?”
“ಅಮ್ಮನ್ನ ಬಿಟ್ಟು ಎಲ್ಲಿಗೆ ಹೋಗ್ಲಿ?” ಎಂದಳು ಅವಳು. ತಬ್ಬಿಕೊಂಡು ಕಿವಿಯಲ್ಲಿ, “ಬೇಡ ಮಿಸ್.”
ಕೂದಲು ಸರಿಮಾಡುವವಳಂತೆ ಅವಳ ತಲೆ ಹಿಡಿದೆ. “ಹೋಗು.”
ಇನ್ನೊಬ್ಬ, ವ್ಯಾನಿನ ಡ್ರೈವರ್, ಅವಳನ್ನು ಕರೆದುಕೊಂಡು ಹೋದ.

ಮಧ್ಯಾಹ್ನ
ಇದು ಧೈರ್ಯವೇ? ಅವಳನ್ನು ಬಿಟ್ಟುಹೋದರೆ ಅವಳ ಅಮ್ಮನಿಗೆ ಮುಖ ತೋರಿಸಲಾರೆ ಎಂಬ ಹೆದರಿಕೆಯೇ ಇರಬಹುದು... ಕೆಮ್ಮಿನವನು ಬಾಗಿಲಾಚೆ ನಡೆದಾಡುತ್ತಿದ್ದಾನೆ.

ವ್ಯಾನ್ ಬಂತು. ಒಂದೇ ಬಾಗಿಲು ಬಡಿದ ಸದ್ದು. ಬೈಗುಳ. ಡ್ರೈವರ್ ಒಬ್ಬನೇ. ಅಂದರೆ ಅವಳು ಗೇಟು —