ಐದು ತಿಂಗಳ ಅಂತರದ ಅಣ್ಣತಂಗಿ

ಜನ್ಮದಿನಾಂಕ ತಿದ್ದುಪಡಿ ವಿಭಾಗದ ಮುಖ್ಯಾಧಿಕಾರಿಗಳಿಗೆ,

ಮಾನ್ಯರೇ,

ನಿಮ್ಮ ದಾಖಲೆಯಂತೆ ನನ್ನ ತಾಯಿ ೧೯೭೨ರ ಮಾರ್ಚ್‌ನಲ್ಲಿ ನನ್ನ ಅಣ್ಣನನ್ನೂ ಅದೇ ವರ್ಷದ ಆಗಸ್ಟ್‌ನಲ್ಲಿ ನನ್ನನ್ನೂ ಹೆತ್ತಿದ್ದಾಳೆ. ಈ ಸಾಧನೆಯನ್ನು ಅಳಿಸಿ, ನಾನು ನಿಜವಾಗಿ ಹುಟ್ಟಿದ ೧೯೭೪ರ ಜನವರಿಯನ್ನು ಬರೆಯಿರಿ ಎಂದು ತಮಿಳಿನಲ್ಲೂ ಇಂಗ್ಲಿಷಿನಲ್ಲೂ ಕೇಳಿಕೊಂಡೆ. ಉತ್ತರ ಬರಲಿಲ್ಲ. ಓದದೆ ಬದಿಗಿಡುವ ಪತ್ರ ಯಾವ ಭಾಷೆಯಲ್ಲಿದ್ದರೇನು? ಆದ್ದರಿಂದ ಈ ಸಲ ನನ್ನ ಭಾಷೆಯಲ್ಲಿ, ನಾಲ್ಕು ಜನರಾದರೂ ಓದಲಿ ಎಂದು ಬರೆಯುತ್ತಿದ್ದೇನೆ.

ಇದು ವಯಸ್ಸು ಕಡಿಮೆ ಮಾಡಿಕೊಳ್ಳುವ ಚಪಲವಲ್ಲ. ಅಣ್ಣ ಸದಾನಂದನ ಎರಡೂ ಕಿಡ್ನಿಗಳು ಕೆಟ್ಟಿವೆ. ನನ್ನದು ಅವನಿಗೆ ಹೊಂದುತ್ತದೆ. ಒಂದನ್ನು ಕೊಡಲು ಸಿದ್ಧಳಿದ್ದೇನೆ. ರಕ್ತಪರೀಕ್ಷೆ ನಮ್ಮನ್ನು ಒಡಹುಟ್ಟಿದವರು ಎನ್ನುತ್ತದೆ. ಆದರೆ ಕಸಿಗೆ ಅನುಮತಿ ಕೊಡುವ ಸಮಿತಿ ನಮ್ಮಿಬ್ಬರ ಗುರುತಿನ ಚೀಟಿಗಳನ್ನು ಪಕ್ಕಪಕ್ಕ ಇಟ್ಟು ನೋಡಿ, ತಂಗಿಯೆಂದು ಹೇಳಿಕೊಂಡು ಕಿಡ್ನಿ ಮಾರಲು ಬಂದವಳೇ ಇವಳು ಎಂದು ಸಂಶಯಪಟ್ಟು, ಮೊದಲು ತಾರೀಖು ಸರಿಪಡಿಸಿ ಎಂದು ಕಡತ ಹಿಂದಿರುಗಿಸಿತು. ಸಮಿತಿಯನ್ನು ದೂರುವುದಿಲ್ಲ. ಸಂಶಯಪಡುವುದು ಅವರ ಕೆಲಸ. ತಿದ್ದುವುದು ನಿಮ್ಮ ಕೆಲಸ. ಅದನ್ನು ನಿಮಗೆ ಯಾರಾದರೂ ತಿಳಿಸಿದ್ದಾರೆಯೇ?

ತಪ್ಪು ನುಸುಳಿದ ಬಗೆಯನ್ನೂ ಮುಚ್ಚಿಟ್ಟಿಲ್ಲ. ಅಪ್ಪ ಕುಂದಾಪುರದ ಕಡೆಯಿಂದ ಬಂದು ಮೈಲಾಪೂರಿನ ಹೋಟೆಲೊಂದರಲ್ಲಿ ಅಡುಗೆಗಿದ್ದರು. ಅಮ್ಮ ಅದರ ಹಿಂದಿನ ಕೋಣೆಯಲ್ಲಿ ಹಿಟ್ಟು ರುಬ್ಬುತ್ತಿದ್ದಳು. ಬೆಳಗಿನ ತಿಂಡಿಯ ಹೊತ್ತಿನಲ್ಲಿ ಮಕ್ಕಳನ್ನು ಶಾಲೆಗೆ ಬಿಡುವವರು ಯಾರು? ಹೋಟೆಲಿನ ಕೆಲಸದವರು ತಮ್ಮ ಮಕ್ಕಳನ್ನು ಜೋಡಿಯಾಗಿ ಶಾಲೆಗೆ ಸೇರಿಸುತ್ತಿದ್ದರು, ದೊಡ್ಡವನು ಚಿಕ್ಕವಳ ಕೈ ಹಿಡಿದು ಹೋಗಿ ಬರಲಿ ಎಂದು. ೧೯೭೭ರ ವಿಜಯದಶಮಿಯಂದು ಅಪ್ಪ ನಮ್ಮಿಬ್ಬರನ್ನೂ ಒಂದೇ ತರಗತಿಗೆ ಸೇರಿಸಿದರು. ಐದು ತುಂಬಿರಬೇಕೆಂಬ ನಿಯಮವಿತ್ತು. ನಾಲ್ಕೂ ತುಂಬದ ನನಗೆ ಮುಖ್ಯೋಪಾಧ್ಯಾಯರು ಕೂತಲ್ಲೇ ಐದು ತುಂಬಿಸಿದರು. ಮೇಲಿನ ಸಾಲಿನಲ್ಲಿ ತಾವೇ ಬರೆದ ಅಣ್ಣನ ತಾರೀಖನ್ನು ನೋಡಲಿಲ್ಲ. ನನಗೆ ಬರೆದ ಆ ಸುಳ್ಳು ತಾರೀಖೇ ಮುಂದೆ ಗುರುತಿನ ಚೀಟಿಗೂ ಇಳಿಯಿತು.

ಆ ಶಾಲೆ ಈಗಿಲ್ಲ. ಆದರೂ ಖುದ್ದಾಗಿ ಬಂದು ಕೇಳಿದಾಗ, ಶಾಲೆಯ ಪತ್ರ ತಿದ್ದಿಸಿ ತನ್ನಿ ಎಂದಿರಿ. ಶಿಕ್ಷಣ ಇಲಾಖೆ ಜನನ ಪತ್ರ ಕೇಳಿತು. ಮನೆಯಲ್ಲೇ ಹುಟ್ಟಿದ ನನ್ನ ಜನನ ನೋಂದಣಿಯಾಗಿಲ್ಲ ಎಂದು ಊರಿನ ಕಚೇರಿ ಬರೆದುಕೊಟ್ಟಿತು. ಅದನ್ನು ತಂದರೆ, ಇಲ್ಲ ಎಂಬ ಪತ್ರ ಸಾಲದು, ಇದೆ ಎಂಬ ಪತ್ರ ಬೇಕು ಎಂದಿರಿ. ಬೇರೆ ದೇಶಗಳಿಂದ ಕನ್ನಡಕ್ಕೆ ಬಂದ ಕಾದಂಬರಿಗಳಲ್ಲಿ ಇಂಥ ಕಚೇರಿಗಳ ಬಗ್ಗೆ ಓದಿ, ಇದು ಅತಿಯಾಯಿತು ಎಂದುಕೊಳ್ಳುತ್ತಿದ್ದೆ. ಆ ಲೇಖಕರಲ್ಲೂ ಅನುವಾದಕರಲ್ಲೂ ಕ್ಷಮೆ ಕೇಳುತ್ತೇನೆ.

ಕೊನೆಗೆ ಅಮ್ಮನನ್ನೇ ಆಟೋದಲ್ಲಿ ಕರೆತಂದೆ.

“ಅಮ್ಮಾ, ಸಿಸ್ಟಮ್ ಎಡುತ್ತುಕ್ಕಾದು,” ಎಂದರು ನಿಮ್ಮ ಗುಮಾಸ್ತರು. ಸಿಸ್ಟಮ್ ಒಪ್ಪುವುದಿಲ್ಲವಂತೆ.

“ಹೆತ್ತದ್ದು ನಾನಾ, ಅದಾ?” ಎಂದಳು ಅಮ್ಮ. “ಕೇಳು ತುಂಗಾ, ಇವ್ರಿಗೆ ಅಮ್ಮ ಅಂತ ಒಬ್ಳು ಇದ್ದಾಳಾ, ಅಲ್ಲ ಇವ್ರೂ ಸಿಸ್ಟಮಿಂದಲೇ ಬಂದದ್ದಾ?”

ಕನ್ನಡ ತಿಳಿಯದ ಗುಮಾಸ್ತರು ನಸುನಕ್ಕು ಮುಂದಿನವರನ್ನು ಕರೆದರು.

ಡಯಾಲಿಸಿಸ್ ಹಾಸಿಗೆಯಲ್ಲಿದ್ದ ಅಣ್ಣನಿಗೆ ಇದನ್ನು ಹೇಳಿದೆ. “ಐದು ತಿಂಗ್ಳಿಗೊಂದು! ಎಂತ ಮಾರಾಯ್ತಿ, ಅಮ್ಮ ನಮ್ಮನ್ನ ಹೆತ್ತದ್ದಾ, ಇಡ್ಲಿ ಬೇಯ್ಸಿದ್ದಾ?” ಎಂದು ನಕ್ಕ. ನಗು ಮುಗಿಸಲು ಅವನಿಗೆ ಉಸಿರು ಸಾಲಲಿಲ್ಲ.

ಮಾನ್ಯರೇ, ಎರಡೂ ಹೆರಿಗೆಗಳಲ್ಲಿ ಖುದ್ದು ಹಾಜರಿದ್ದ ಸಾಕ್ಷಿ ಎಂಬತ್ತು ದಾಟಿ ಈ ಊರಿನಲ್ಲೇ ಜೀವಂತವಾಗಿದ್ದಾಳೆ. ಅವಳ ಪ್ರಮಾಣ ಹೇಳಿಕೆ ಪಡೆದು ತಾರೀಖು ತಿದ್ದಿ. ಆಗದಿದ್ದರೆ, ಈ ಹೆಂಗಸು ಐದು ತಿಂಗಳ ಅಂತರದಲ್ಲಿ ಎರಡು ಮಕ್ಕಳನ್ನು ಹೆತ್ತದ್ದು ನಿಜವೆಂದು ನಿಮ್ಮ ಸಹಿ ಹಾಕಿ ಕೊಡಿ. ಸಮಿತಿಗೆ ಅದನ್ನೇ ತೋರಿಸುತ್ತೇನೆ. ಸಮಿತಿಯ ಮುಂದಿನ ಸಭೆ ಈ ತಿಂಗಳ ಕೊನೆಗಿದೆ. ಅದೂ ತಪ್ಪಿದರೆ ಅಣ್ಣನ ದೇಹ ಶಸ್ತ್ರಚಿಕಿತ್ಸೆಯನ್ನು ತಾಳಲಾರದು ಎಂದು ವೈದ್ಯರು ಹೇಳಿದ್ದಾರೆ. ಆಮೇಲೆ ಬರೆಯಬೇಕಾದ ತಾರೀಖನ್ನಂತೂ ನಿಮ್ಮವರು ಮೊದಲ ಸಲಕ್ಕೇ ತಪ್ಪಿಲ್ಲದೆ ಬರೆಯುತ್ತಾರೆ, ನನಗೆ ಗೊತ್ತು.

ಇಂತಿ,
ನಿಮ್ಮ ಲೆಕ್ಕದಲ್ಲಿ ಸದಾನಂದನಿಗೆ ಏನೂ ಆಗದ,
ತುಂಗಾ
ಮೈಲಾಪೂರ್, ಚೆನ್ನೈ