ರೊಟ್ಟಿಯ ಅಂಚು

ವೈಟ್‌ಫೀಲ್ಡ್
20 ಜನವರಿ 2009

ಪ್ರೀತಿಯ ಅವ್ವ,

ಭಾನುವಾರ ಒಂದು ಒಳ್ಳೆ ಮಾತೂ ಆಡದೆ ಹೊರಟುಬಿಟ್ಟೆ. ಫೋನ್ ಮಾಡಿದರೆ ಮತ್ತೆ ಕೂಗಾಡುತ್ತೇನೆ, ಅದಕ್ಕೇ ಈ ಕಾಗದ. ನನ್ನದು ಇಂಗ್ಲಿಷ್ ಸ್ಕೂಲಿನ ಕನ್ನಡ, ತಪ್ಪಿದ್ದರೆ ಇರಲಿ. ನಿನಗೆ ಓದಲು ಬರುವುದಿಲ್ಲ. ಎಂದಿನಂತೆ ಪಕ್ಕದ ಮನೆ ಪಿಳ್ಳಮ್ಮ ಓದಿ ಹೇಳಿದರೆ ಸಂಜೆಯೊಳಗೆ ಊರಿಗೆಲ್ಲ ಗೊತ್ತು. ಈ ಸಲ ಅವಳು ಬೇಡ.

ನನಗೆ ಮೊದಲು ಸುಳಿವು ಕೊಟ್ಟವಳೂ ಅವಳೇ. ನಿಮ್ಮವ್ವ ಸಂಜೆಯಾದ್ರೆ ಮನೇಲಿ ಚಪ್ಪಾಳೆ ತಟ್ತಾಳೆ ಕಣಮ್ಮಿ, ಭಜನೆ ಕಲ್ತವ್ಳಾ ಕೇಳು ಎಂದು ಫೋನಿನಲ್ಲಿ ನಕ್ಕಳು. ಬಂದು ನೋಡಿದರೆ ನೀನು ಜೋಳದ ರೊಟ್ಟಿ ಬಡಿಯುತ್ತಿದ್ದೆ. ಜನ್ಮವೆಲ್ಲ ರಾಗಿಮುದ್ದೆ ಕಟ್ಟಿದ ಕೈ! ಹೊಸಿಲಿನಾಚೆ ಕುಳಿತಿದ್ದವರು ನಮ್ಮ ಮನೆ ಹಿಂದಿನ ರೂಮಿನ ಬಾಡಿಗೆಯವರು, ಗ್ರಾನೈಟ್ ಫ್ಯಾಕ್ಟರಿಯ ಸಿದ್ರಾಮಣ್ಣ. ಅಂಚು ಒಡೀತಾವ್ರಿ, ನೀರು ಇನ್ನೊಂಚೂರು ಕುದೀಲಿ ಎಂದು ಹೇಳಿಕೊಡುತ್ತಿದ್ದರು. ಮೂರು ವರ್ಷ ಆಯ್ತು, ಈವಯ್ಯಂಗೆ ಮುದ್ದೆ ನುಂಗಕ್ಕೆ ಬರ್ಲಿಲ್ಲ, ನಾನಾದ್ರೂ ಕಲೀತೀನಿ ಎಂದು ನೀನು ನಗುತ್ತಿದ್ದೆ.

ಅಪ್ಪ ಹೋದ ಹದಿನಾಲ್ಕು ವರ್ಷದಲ್ಲಿ ಆ ನಗು ಕೇಳಿರಲಿಲ್ಲ. ನೀವಿಬ್ಬರೂ ಹತ್ತಿರ ಕೂಡ ಕೂತಿರಲಿಲ್ಲ. ಆದರೂ ಯಾರೋ ಕೆನ್ನೆಗೆ ಹೊಡೆದಂತಾಯಿತು.

ಏನವ್ವ ಇದು ಎಂದಾಗ ನೀನು ಸುಳ್ಳು ಹೇಳಬಹುದಿತ್ತು. ನೀ ಕಂಡಂಗೇ ಕಣೆ ಎಂದುಬಿಟ್ಟೆ. ತಿಂಗಳ ಕೊನೆಗೆ ರೂಮು ಖಾಲಿ ಮಾಡಿ ಎಂದು ನಾನು ಅವರಿಗೆ ಕಿರುಚಿದೆ. ಆತ್ರಿ ತಂಗಿ ಎಂದಷ್ಟೇ ಹೇಳಿ, ಚಪ್ಪಲಿ ಮರೆತು ಬರಿಗಾಲಲ್ಲಿ ಹೋದರು.

ಎರಡು ದಿನದಿಂದ ನನ್ನನ್ನೇ ಕೇಳಿಕೊಳ್ಳುತ್ತಿದ್ದೇನೆ, ಯಾಕೆ ಅಷ್ಟು ಸಿಟ್ಟು ಎಂದು. ಊರಿನ ಬಾಯಿಗೆ, ಅತ್ತೆಮನೆಯವರಿಗೆ ಹೆದರಿದೆ ಎಂದುಕೊಂಡೆ. ಅಷ್ಟೇ ಅಲ್ಲ. ನೀನು ಕಾಯುವುದು ನನ್ನೊಬ್ಬಳಿಗೇ ಎಂದು ನಂಬಿದ್ದೆ. ತಿಂಗಳಿಗೊಂದು ಭಾನುವಾರ ಬಂದು ಹೋಗುವವಳಿಗೆ ಆ ನಂಬಿಕೆಯ ಹಕ್ಕು ಎಲ್ಲಿಂದ ಬಂತು?

ಹೊರಡುವಾಗ ನೀನು ಬ್ಯಾಗಿಗೆ ತುರುಕಿದ ರೊಟ್ಟಿಯನ್ನು ಜಿಗಣಿ ಬಸ್ ಸ್ಟಾಪಿನಲ್ಲಿ ಬಿಸಾಡಿದೆ. ಅದನ್ನೂ ಹೇಳಿಬಿಡುತ್ತೇನೆ.

ನಿನ್ನ ಮಗಳು,
ಶ್ಯಾಮಲಾ

ತಾ.ಕ.: ಸಿದ್ರಾಮಣ್ಣ, ಲಕೋಟೆಯ ಮೇಲೆ ನಿಮ್ಮ ಹೆಸರನ್ನೇ ಬರೆದಿದ್ದೇನೆ. ಇದನ್ನು ಅವ್ವನಿಗೆ ನೀವೇ ಓದಿ ಹೇಳಿ, ನಾನು ಕಿರುಚಿದ್ದನ್ನೂ ಬಿಡದೆ. ರೂಮು ಖಾಲಿ ಮಾಡಬೇಡಿ. ರೊಟ್ಟಿ ಬಿಸಾಡಿದೆ ಎಂದದ್ದು ಸುಳ್ಳು, ಬಸ್ಸಿನಲ್ಲಿ ತಿಂದೆ. ಅಂಚು ಇನ್ನೂ ಒಡೆಯುತ್ತಿದೆ. ಇನ್ನಷ್ಟು ದಿನ ಹೇಳಿಕೊಡಬೇಕಾಗುತ್ತದೆ.